ನನ್ನ ‘ಬ್ಯಾಡ’ ನುಂಗಿದ ಗೇಟು: ಒಬಿಎಸ್ ಸ್ಟುಡಿಯೋ ಜೊತೆ ಮೂರು ವರ್ಷ

ಕಂಪ್ಯೂಟರಿನಲ್ಲಿ ಗುಂಡಿನ ಆಟ, ಸ್ಕೋರು 12-11. ಇನ್ನೊಂದು ರೌಂಡ್ ಗೆದ್ದರೆ ಮ್ಯಾಚ್ ನಮ್ಮದು. ನಾನು ಹೇಳಿದ್ದು "ಬಿ ಕಡೆ ಹೋಗಬ್ಯಾಡ". ಸಿಂಧನೂರಿನವನಿಗೆ ಕೇಳಿಸಿದ್ದು "ಬಿ ಕಡೆ ಹೋಗ". ಹೋದ, ಸತ್ತ. ಅವನ ಬೆನ್ನಿಗೆ ಮಾನ್ವಿಯವನೂ ಹೋದ, ಅವನೂ ಸತ್ತ. 12-12 ಆಗಿ ಓವರ್‌ಟೈಮ್‌ಗೆ ಹೋಗಿ ಸೋತೆವು.

"ನೀನ ಹೋಗ ಅಂದಿಯಲ್ಲೋ."

"ಹೋಗಬ್ಯಾಡ ಅಂದೀನಿ."

"ಹಂಗಾರ ಕೇಳಿಸು. ರೆಕಾರ್ಡ್ ಮಾಡಾಕತ್ತಿಯಲ್ಲ."

ಕೇಳಿಸಿದೆ. ರೆಕಾರ್ಡಿಂಗ್‌ನಲ್ಲೂ "ಬಿ ಕಡೆ ಹೋಗ" ಅಂತಲೇ ಇತ್ತು. ದನಿ ನಂದು, ಮೈಕ್ ನಂದು, ಕಂಪ್ಯೂಟರ್ ನಂದು, ಸಾಕ್ಷಿ ಮಾತ್ರ ಎದುರು ಪಾರ್ಟಿದು.

ಈ ವಿಮರ್ಶೆ ಬರೆಯಬೇಕು ಅನ್ನಿಸಿದ್ದೇ ಆ ರಾತ್ರಿಯಿಂದ. ಒಬಿಎಸ್ ಅಂದರೆ ಪರದೆ, ದನಿ ರೆಕಾರ್ಡ್ ಮಾಡೋ, ಸ್ಟ್ರೀಮ್ ಅಂದರೆ ನೇರ ಪ್ರಸಾರ ಮಾಡೋ ಸಾಫ್ಟ್‌ವೇರ್. ಅದನ್ನು ಹೇಗೆ ಇನ್‌ಸ್ಟಾಲ್ ಮಾಡೋದು ಅನ್ನೋದನ್ನು ಹೇಳೋ ವಿಡಿಯೋ ಬೇಕಾದಷ್ಟಿವೆ, ಅದು ಬಿಡಿ. ಅದರಲ್ಲಿ ಸ್ಟ್ರೀಮ್ ಮಾಡೋರು ಬಹಳ. ನಾನು ಒಂದು ದಿನವೂ ಸ್ಟ್ರೀಮ್ ಮಾಡಿಲ್ಲ. ನನಗೆ ಬೇಕಿದ್ದದ್ದು ಆಟ ಆಡುವಾಗ ನಾವು ನಾಲ್ಕು ಜನ ಆಡೋ ಮಾತು, ಅಷ್ಟೇ.

ನಾನಿರೋದು ರಾಯಚೂರು. ಹಗಲು ಗೊಬ್ಬರ-ಬೀಜದ ಅಂಗಡಿಯಲ್ಲಿ ಲೆಕ್ಕ ಬರೆಯುತ್ತೇನೆ, ರಾತ್ರಿ ಹತ್ತಕ್ಕೆ ವ್ಯಾಲರಂಟ್, ಐವರ ಎದುರು ಐವರು ಆಡೋ ಗುಂಡಿನ ಆಟ; ಎ, ಬಿ ಅನ್ನೋದು ಅದರಲ್ಲಿ ಬಾಂಬ್ ಇಡೋ ಜಾಗ. ಗೆಳೆಯರ ಹೆಸರು ಇಲ್ಲಿ ಬೇಡ, ಆಟದಲ್ಲೂ ಊರ ಹೆಸರಲ್ಲೇ ಕರೆಯೋದು: ಸಿಂಧನೂರು, ಮಾನ್ವಿ, ಲಿಂಗಸುಗೂರು. ಐದನೆಯವನು ಯಾವನೋ ಸಿಕ್ಕವನು. ಮಾತಾಡೋದು ಡಿಸ್ಕಾರ್ಡ್ ಅನ್ನೋ ಆ್ಯಪಿನಲ್ಲಿ.

ಮೊದಲು ಬೇರೆ ಒಂದು ರೆಕಾರ್ಡರ್ ಇತ್ತು, ಹೆಸರು ಬೇಡ. ಪುಕ್ಕಟೆ ಅಂತ ಹಾಕಿಕೊಂಡರೆ ಹತ್ತು ನಿಮಿಷಕ್ಕೆ ನಿಲ್ಲುತ್ತಿತ್ತು. ಮುಂದೆ ಬೇಕಂದರೆ ವರ್ಷಕ್ಕೆ ಇಷ್ಟು ಕೊಡು ಅನ್ನೋದು. ನನ್ನ ಪಗಾರದಲ್ಲಿ ಅದು ಆಗೋ ಮಾತಲ್ಲ. ಒಬಿಎಸ್‌ಗೆ ರೊಕ್ಕ ಇಲ್ಲ, ನೀರಗುರುತು ಇಲ್ಲ, ಹೊತ್ತಿನ ಮಿತಿ ಇಲ್ಲ. 2022ರ ಆಗಸ್ಟ್ ಕೊನೆಗೆ 28ನೇ ಆವೃತ್ತಿ ಬಂತು. ಒಂದೊಂದು ಆ್ಯಪಿನ ದನಿಯನ್ನು ಬೇರೆ ಬೇರೆ ಹಿಡಿಯೋ ಸೌಲಭ್ಯ ಅದರೊಳಗೇ ಇತ್ತು. ಅದನ್ನು ನೋಡಿಯೇ ನಾನು ಬಂದಿದ್ದು.

ಆದರೆ ಮೊದಲ ಆರು ತಿಂಗಳು ಬೈದುಕೊಂಡೇ ಬಳಸಿದೆ.

ಮೊದಲನೇ ಪೆಟ್ಟು ಕರೆಂಟಿನದು. ಎರಡೂವರೆ ತಾಸು ಆಡಿದ್ದೇವೆ, ಲಿಂಗಸುಗೂರು ಒಬ್ಬನೇ ಐವರನ್ನು ಹೊಡೆದಿದ್ದಾನೆ, ಅವನು ಜನ್ಮದಲ್ಲಿ ಮತ್ತೊಮ್ಮೆ ಮಾಡೋ ಕೆಲಸವಲ್ಲ ಅದು. ಆಗ ಕರೆಂಟ್ ಹೋಯಿತು. ಯುಪಿಎಸ್ ಬ್ಯಾಟರಿ ನಮ್ಮ ಅಜ್ಜನಂಗ, ಎದ್ದು ಕೂರೋದರೊಳಗೆ ದಣಿಯುತ್ತದೆ. ಮರಳಿ ಬಂದು ನೋಡಿದರೆ ಫೈಲ್ ಇದೆ, ಗಾತ್ರವೂ ಇದೆ, ತೆರೆಯೋದಿಲ್ಲ. ನಾನು ಎಂಪಿ4ನಲ್ಲಿ ಇಟ್ಟಿದ್ದೆ. ಆ ನಮೂನೆಯ ಫೈಲಿನಲ್ಲಿ ಎಲ್ಲಿ ಏನಿದೆ ಅನ್ನೋ ಪಟ್ಟಿ ಬರೆಯೋದು ಕೊನೆಗೆ, ರೆಕಾರ್ಡಿಂಗ್ ನಿಲ್ಲಿಸಿದಾಗ. ಪಟ್ಟಿ ಬರೆಯೋ ಮೊದಲೇ ಕಂಪ್ಯೂಟರ್ ಸತ್ತರೆ ಒಳಗಿನ ಮಾಲು ಯಾರಿಗೂ ಸಿಗೋದಿಲ್ಲ. ಎಂಕೆವಿ ಅನ್ನೋ ನಮೂನೆ ಇಟ್ಟುಕೊಂಡರೆ ಕರೆಂಟ್ ಹೋದಲ್ಲಿಯವರೆಗೆ ಉಳಿಯುತ್ತದೆ, ಆಮೇಲೆ ಫೈಲ್ ಮೆನುವಿನ ರೀಮಕ್ಸ್‌ನಲ್ಲಿ ಎಂಪಿ4 ಮಾಡಿಕೊಳ್ಳಬಹುದು. ಇದನ್ನು ಸೆಟಿಂಗ್‌ನ ಅದೇ ಪುಟದಲ್ಲೇ ಬರೆದಿದ್ದಾರೆ. ಓದುವ ವ್ಯವಧಾನ ನನಗಿರಲಿಲ್ಲ. ಲಿಂಗಸುಗೂರು ಇವತ್ತಿಗೂ ಆ ರೌಂಡಿನ ಮಾತು ತೆಗೆಯುತ್ತಾನೆ, ದಾಖಲೆ ಇಲ್ಲದ ಹೊಲದ ಬಗ್ಗೆ ಮಾತಾಡಿದ ಹಾಗೆ.

ಎರಡನೆಯದು ಪ್ರತಿಯೊಬ್ಬರೂ ಮಾಡೋ ತಪ್ಪು. ಡಿಸ್ಕಾರ್ಡ್ ದನಿಯನ್ನು ಬೇರೆಯಾಗಿ ಹಿಡಿದೆ, ಕಂಪ್ಯೂಟರಿನ ಎಲ್ಲ ದನಿ ಕೂಡಿಸಿ ಹಿಡಿಯೋ ಡೆಸ್ಕ್‌ಟಾಪ್ ಆಡಿಯೋ ಅನ್ನೋ ಹಳೇದನ್ನೂ ಹಾಗೇ ಬಿಟ್ಟೆ. ಒಂದೇ ದನಿ ಎರಡು ದಾರಿಯಲ್ಲಿ ಬಂದು, ಗೆಳೆಯರೆಲ್ಲ ಬಾವಿಯೊಳಗೆ ಕೂತು ಆಡಿದ ಹಾಗೆ ಕೇಳಿಸಿತು. ಡೆಸ್ಕ್‌ಟಾಪ್ ಆಡಿಯೋ ಆಫ್ ಮಾಡಿದ ಮೇಲೆ ಸರಿಹೋಯಿತು.

ಇನ್ನು ಆ ‘ಬ್ಯಾಡ’ದ ವಿಷಯ.

ರಾಯಚೂರಲ್ಲಿ ಏಪ್ರಿಲ್-ಮೇ ಅಂದರೆ ಕೂಲರ್ ಇಲ್ಲದೆ ಆಟವಿರಲಿ, ಉಸಿರೂ ಆಡೋದಿಲ್ಲ. ನನ್ನ ಕೂಲರ್ ತಗಡಿನದು, ಮೂರನೇ ನಂಬರಿಗೆ ಹಾಕಿದರೆ ಹಿಟ್ಟಿನ ಗಿರಣಿ. ಒಬಿಎಸ್‌ನ ಮೀಟರಿನಲ್ಲಿ ನೋಡಿದೆ: ಕೂಲರ್ ಬಂದ್ ಇದ್ದಾಗ ನನ್ನ ಕೋಣೆಯ ಸದ್ದು ಮೈನಸ್ 58 ಡೆಸಿಬೆಲ್ ಹತ್ತಿರ, ಹಚ್ಚಿದರೆ ಮೈನಸ್ 38 (ಸೊನ್ನೆಗೆ ಹತ್ತಿರ ಬಂದಷ್ಟೂ ಸದ್ದು ಜಾಸ್ತಿ). ಇದಕ್ಕೆ ಯಾರೋ ನಾಯ್ಸ್ ಗೇಟ್ ಹಾಕು ಅಂದರು. ಹಾಕಿದೆ.

ಗೇಟ್ ಅಂದರೆ ಕಾಲುವೆಯ ತೂಬಿನಂಥದ್ದು. ದನಿ ಒಂದು ಮಟ್ಟಕ್ಕೆ ಏರಿದರೆ ತೆರೆಯುತ್ತದೆ, ಇನ್ನೊಂದು ಮಟ್ಟಕ್ಕೆ ಇಳಿದರೆ ಮುಚ್ಚುತ್ತದೆ. ಒಬಿಎಸ್ ತಾನಾಗಿ ಇಡೋದು ತೆರೆಯೋಕೆ ಮೈನಸ್ 26, ಮುಚ್ಚೋಕೆ ಮೈನಸ್ 32. ನನ್ನ ಕೂಲರಿಗೆ ಅಷ್ಟೇ ಸಾಕಾಗಿತ್ತು. ಆದರೆ ನಾನು ಇನ್ನೂ ಗಟ್ಟಿ ಇರಲಿ ಅಂತ ತೆರೆಯೋದನ್ನು ಮೈನಸ್ 18ಕ್ಕೆ, ಮುಚ್ಚೋದನ್ನು ಮೈನಸ್ 24ಕ್ಕೆ ಏರಿಸಿದೆ. ಕೂಲರ್ ಪೂರ್ತಿ ಮಾಯ. ಖುಷಿಯಾಗಿ ಒಂದು ವಾರ ಹಾಗೇ ಬಿಟ್ಟೆ.

ಅದೇ ವಾರ ಸಿಂಧನೂರು ಸತ್ತಿದ್ದು.

ಆ ತುಣುಕನ್ನು ಅಡಾಸಿಟಿ ಅನ್ನೋ ದನಿ ತಿದ್ದೋ ಸಾಫ್ಟ್‌ವೇರಿನಲ್ಲಿ ತೆರೆದು ಅಲೆಯನ್ನು ಹಿಗ್ಗಿಸಿ ನೋಡಿದೆ. "ಬಿ ಕಡೆ" ಗುಡ್ಡದ ಹಾಗೆ ಎದ್ದಿದೆ, "ಹೋಗ" ಅದರ ಇಳಿಜಾರು, ಅಲ್ಲಿಂದ ಮುಂದೆ ಕತ್ತರಿಸಿದ ಹಾಗೆ ಸಪಾಟು ಗೆರೆ. ಆಗ ಹೊಳೆಯಿತು. ಕನ್ನಡ ಆಡುವಾಗ ನಮ್ಮ ದನಿ ವಾಕ್ಯದ ಕೊನೆಗೆ ಇಳಿಯುತ್ತದೆ. ಕನ್ನಡದಲ್ಲಿ ಮುಖ್ಯವಾದದ್ದೆಲ್ಲ ಇರೋದೂ ಆ ಕೊನೆಯಲ್ಲೇ. ಅದಾನೋ ಇಲ್ಲೋ, ಹೋಗಬೇಕೋ ಬ್ಯಾಡೋ, ಬಂದನೋ ಬರ್ತಾನೋ, ಎಲ್ಲ ಬಾಲದಲ್ಲಿ. "ಎ ಕಡೆ ಯಾರೂ ಇಲ್ಲ" ಅನ್ನೋದರ ‘ಇಲ್ಲ’ ಹೋದರೆ "ಎ ಕಡೆ ಯಾರೂ" ಉಳಿಯುತ್ತದೆ, ಅದನ್ನು ಹಿಡಿದು ಏನು ಮಾಡೋದು? ಇಂಗ್ಲಿಷಿನವನು ‘ಡೋಂಟ್’ ಅನ್ನೋದನ್ನು ಮೊದಲೇ ಹೇಳಿ ಮುಗಿಸಿರುತ್ತಾನೆ, ಅವನ ಬಾಲ ಕತ್ತರಿಸಿದರೂ ಜೀವ ಉಳಿಯುತ್ತದೆ. ನಮ್ಮದು ಬಾಲ ಹೋದರೆ ಅರ್ಥವೇ ತಿರುವುಮುರುವು.

ಗೇಟ್ ಮುಚ್ಚೋ ಮೊದಲು ಕಾಯೋ ಹೊತ್ತನ್ನು ಹೋಲ್ಡ್ ಅನ್ನುತ್ತಾರೆ, ಒಬಿಎಸ್ ಇಡೋದು 200 ಮಿಲಿಸೆಕೆಂಡ್. ಅದನ್ನು 600ಕ್ಕೆ ಏರಿಸಿ, ಮುಚ್ಚೋ ಮಟ್ಟವನ್ನು ಮೈನಸ್ 36ಕ್ಕೆ ಇಳಿಸಿದೆ. ‘ಬ್ಯಾಡ’ ಮರಳಿ ಬಂತು. ಕೂಲರೂ ಮಾತಿನ ಬಾಲಕ್ಕೆ ಅಂಟಿಕೊಂಡು ಬಂತು, ಒಂದೊಂದು ವಾಕ್ಯದ ಹಿಂದೆ ಒಂದೊಂದು ‘ಗುರ್’. ಎರಡು ದಿನ ಸಹಿಸಿ ಗೇಟನ್ನೇ ಕಿತ್ತು ಹಾಕಿ, ಹಿಂದಿನ ಸದ್ದು ಅಡಗಿಸೋ ನಾಯ್ಸ್ ಸಪ್ರೆಶನ್ ಹಾಕಿಕೊಂಡೆ. ಅದರಲ್ಲಿ ಆರ್‌ಎನ್‌ನಾಯ್ಸ್ ಅನ್ನೋದೊಂದಿದೆ, 2020ರಲ್ಲಿ 26ನೇ ಆವೃತ್ತಿಯಲ್ಲಿ ಸೇರಿದ್ದು. ಅದು ಮಟ್ಟ ನೋಡೋದಿಲ್ಲ, ಇದು ಮನುಷ್ಯನ ಮಾತೋ ಅಲ್ಲವೋ ಅಂತ ನೋಡುತ್ತದೆ. ಕೂಲರ್ ಹೋಯಿತು, ಬಾಲ ಉಳಿಯಿತು, ಕುಕ್ಕರ್ ಸೀಟಿಯೂ ಹೆಚ್ಚುಕಡಿಮೆ ಹೋಯಿತು. ನಮ್ಮವ್ವ ಅಡುಗೆಮನೆಯಿಂದ "ಎಷ್ಟೊತ್ತು ಆಡ್ತಿ, ಮಕ್ಕೊ" ಅನ್ನೋದು ಮಾತ್ರ ಹೋಗಲಿಲ್ಲ. ಅದು ಮಾತೇ ತಾನೆ.

ಇಲ್ಲಿಗೆ ಕಥೆ ಮುಗಿಯಿತು ಅಂದುಕೊಂಡೆ. ಹದಿನೈದು ದಿನಕ್ಕೆ ಮತ್ತದೇ ಜಗಳ. ಈ ಸಲ ನನ್ನ ರೆಕಾರ್ಡಿಂಗ್‌ನಲ್ಲಿ "ಹೋಗಬ್ಯಾಡ" ಸ್ಪಷ್ಟ ಇದೆ. ಸಿಂಧನೂರೂ ಅಷ್ಟೊತ್ತಿಗೆ ರೆಕಾರ್ಡ್ ಮಾಡೋಕೆ ಕಲಿತಿದ್ದ, ಅವನದ್ದರಲ್ಲಿ "ಹೋಗ". ಇಬ್ಬರ ಫೈಲೂ ಸುಳ್ಳಲ್ಲ. ತಲೆ ಕೆರೆದುಕೊಂಡು ನೋಡಿದರೆ, ಒಬಿಎಸ್‌ನ ಫಿಲ್ಟರ್‌ಗಳು ಮುಟ್ಟೋದು ಒಬಿಎಸ್‌ಗೆ ಬರೋ ದನಿಯನ್ನು ಮಾತ್ರ, ಗೆಳೆಯರ ಕಿವಿಗೆ ಹೋಗೋದನ್ನಲ್ಲ. ಡಿಸ್ಕಾರ್ಡ್‌ಗೆ ತನ್ನದೇ ಇನ್‌ಪುಟ್ ಸೆನ್ಸಿಟಿವಿಟಿ ಇದೆ, ಎಷ್ಟು ದನಿ ಬಂದರೆ ಮೈಕ್ ತೆರೆಯಬೇಕು ಅನ್ನೋ ಗೆರೆ. ಕೂಲರಿಗೆ ಹೆದರಿ ಅದನ್ನೂ ತಾನಾಗಿ ಬಿಡದೆ, ಕೈಯಾರೆ ಬಲಕ್ಕೆ ಎಳೆದು ಇಟ್ಟವನು ನಾನೇ. ಅಂದರೆ ಮೊದಲ ದಿನವೂ ಸಿಂಧನೂರನ್ನು ಕೊಂದದ್ದು ಆ ಗೆರೆ. ಒಬಿಎಸ್‌ನ ಗೇಟು ಬೇರೆಯೇ ಜಾಗದಲ್ಲಿ ಅದೇ ಬಾಲ ಕತ್ತರಿಸಿತ್ತು. ಆರು ತಿಂಗಳು ಒಬಿಎಸ್ ಅನ್ನು ಬೈದದ್ದು ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದ ಹಾಗೆ ಆಯಿತು.

ಅಲ್ಲಿಂದ ನನ್ನ ಸಿಟ್ಟು ಇಳಿಯಿತು.

ಈಗಿನ ನನ್ನ ಪದ್ಧತಿ ಹೀಗೆ. ಊಟ ಆದ ಮೇಲೆ ಒಬಿಎಸ್ ತೆರೆದು ಮೈಕ್ ಮುಂದೆ "ರಾಯಚೂರು, ರಾಯಚೂರು, ಯಾದಗಿರಿ ಬ್ಯಾಡ" ಅನ್ನುತ್ತೇನೆ. ಮೀಟರಿನ ಪಟ್ಟಿ ಹಸಿರು ದಾಟಿ ಹಳದಿಯಲ್ಲಿ ಆಡಬೇಕು, ಕೆಂಪಿಗೆ ತಾಗಬಾರದು. ಕೊನೆಯ ‘ಬ್ಯಾಡ’ಕ್ಕೂ ಪಟ್ಟಿ ಅಲುಗಾಡಿದರೆ ಪಾಸ್. ಆಮೇಲೆ ಡಿಸ್ಕಾರ್ಡ್‌ನಲ್ಲಿ "ರೆಕಾರ್ಡ್ ಚಾಲೂ ಐತಿ ನೋಡ್ರಲೇ" ಅಂತ ಹೇಳುತ್ತೇನೆ. ಹೇಳದೆ ಒಂದು ದಿನವೂ ಒತ್ತಿಲ್ಲ, ನೀವೂ ಒತ್ತಬೇಡಿ. ಹೇಳಿದ ಕೂಡಲೇ ಮಾನ್ವಿಯವನು ಐದು ನಿಮಿಷ ಆಕಾಶವಾಣಿಯವರ ಹಾಗೆ "ಗೆಳೆಯರೇ, ಎಡಭಾಗದಿಂದ ಶತ್ರು ಬರುತ್ತಿದ್ದಾನೆ" ಅನ್ನುತ್ತಾನೆ. ಮೊದಲ ಸಲ ಸತ್ತ ಮೇಲೆ ಭಾಷೆ ಊರಿಗೆ ಮರಳುತ್ತದೆ.

ಒಂದೇ ಫೈಲಿನಲ್ಲಿ ದನಿಯ ಬೇರೆ ಬೇರೆ ಸಾಲು, ಅಂದರೆ ಟ್ರ್ಯಾಕ್, ಆರರವರೆಗೆ ಸಿಗುತ್ತವೆ, ನಾನು ಬಳಸೋದು ನಾಲ್ಕು. ಒಂದನೆಯದರಲ್ಲಿ ಎಲ್ಲ ಕೂಡಿ, ಎರಡರಲ್ಲಿ ನನ್ನ ಮೈಕ್, ಮೂರರಲ್ಲಿ ಡಿಸ್ಕಾರ್ಡ್, ನಾಲ್ಕರಲ್ಲಿ ಆಟದ ಗುಂಡಿನ ಸದ್ದು. ಒಂದನೆಯದನ್ನು ಖಾಲಿ ಬಿಡಬೇಡಿ, ಬಹಳ ಪ್ಲೇಯರ್‌ಗಳು ನುಡಿಸೋದು ಮೊದಲನೆಯದನ್ನೇ, ಆಮೇಲೆ ದನಿಯೇ ಬಂದಿಲ್ಲ ಅಂತ ಗಾಬರಿಯಾಗುತ್ತೀರಿ. 160 ಕೆಬಿಪಿಎಸ್‌ನಲ್ಲಿ ಒಂದು ಟ್ರ್ಯಾಕಿಗೆ ತಾಸಿಗೆ 72 ಎಂಬಿ, ನಾಲ್ಕಕ್ಕೆ 288. ದನಿಗೆ ಅದು ಹೊರೆಯಲ್ಲ. ಜಾಗ ತಿನ್ನೋದು ಚಿತ್ರ. ಚಿತ್ರವೇ ಬೇಡ, ದನಿ ಮಾತ್ರ ಸಾಕು ಅನ್ನೋ ಸರಳ ಗುಂಡಿ ಇದರಲ್ಲಿಲ್ಲ. ಹಾಗಾಗಿ ನಾನು ಕಪ್ಪು ಪರದೆಯನ್ನು 640 ಬೈ 360ರಲ್ಲಿ, ಸೆಕೆಂಡಿಗೆ ಹತ್ತೇ ಫ್ರೇಮಿಗೆ ಇಟ್ಟು ರೆಕಾರ್ಡ್ ಮಾಡುತ್ತೇನೆ. ಇನ್ನೊಂದು ಕೊರತೆ: ಡಿಸ್ಕಾರ್ಡ್‌ನ ಮೂವರೂ ಒಂದೇ ಟ್ರ್ಯಾಕಿಗೆ ಬಂದು ಬೀಳುತ್ತಾರೆ. ಒಬ್ಬೊಬ್ಬರು ಬೇರೆ ಬೇಕಂದರೆ ಕ್ರೇಗ್ ಅನ್ನೋ ಬಾಟ್ ಕರೆಯಬೇಕು, ಅದು ಒಬ್ಬೊಬ್ಬರಿಗೆ ಒಂದೊಂದು ಫೈಲ್ ಕೊಡುತ್ತದೆ.

ಯಾರು ಮೊದಲು ಹೇಳಿದರು ಅನ್ನೋ ವ್ಯಾಜ್ಯವನ್ನು ಇದು ಯಾವತ್ತೂ ತೀರಿಸೋದಿಲ್ಲ. ನನ್ನ ಫೈಲಿನಲ್ಲಿ ನನ್ನ ಮಾತು ಆ ಕ್ಷಣಕ್ಕೇ ಬೀಳುತ್ತದೆ, ಅವರದ್ದು ಇಂಟರ್ನೆಟ್ ದಾಟಿ ಬರಬೇಕು. ಅವರ ಫೈಲಿನಲ್ಲಿ ಇದೇ ಉಲ್ಟಾ. ಇಬ್ಬರೂ ತಮ್ಮ ತಮ್ಮ ಫೈಲಿನಲ್ಲಿ ಮೊದಲಿಗರು.

ಈ ಫೈಲ್‌ಗಳನ್ನು ಏನು ಮಾಡುತ್ತೀ ಅಂತ ಕೇಳುತ್ತಾರೆ. ಕೇಳುತ್ತೇನೆ, ಅಷ್ಟೇ. ಸೋಮವಾರ ಅಂಗಡಿಯಲ್ಲಿ ಸ್ಟಾಕ್ ಬರೆಯುವಾಗ ಒಂದು ಕಿವಿಗೆ ಹಾಕಿಕೊಂಡು. ಒಮ್ಮೆ ನನ್ನ ಟ್ರ್ಯಾಕ್ ಬಂದ್ ಮಾಡಿ ಮೂರನೆಯದನ್ನು ಮಾತ್ರ ಕೇಳಿದೆ. ಲಿಂಗಸುಗೂರು ಪ್ರತಿ ರೌಂಡಿನಲ್ಲೂ ಮೆಲ್ಲಗೆ, ಸರಿಯಾಗಿ, ಎಲ್ಲಿ ಎಷ್ಟು ಜನ ಅಂತ ಹೇಳುತ್ತಿದ್ದಾನೆ. ಎರಡನೆಯದನ್ನೂ ಕೂಡಿಸಿ ಕೇಳಿದರೆ ಅವನ ಒಂದು ಮಾತೂ ಮುಗಿಯೋದಿಲ್ಲ, ಅದರ ಮೇಲೆ ನಾನು ಕೂತಿರುತ್ತೇನೆ. ಮೂರು ವರ್ಷ ಅವನನ್ನು ಮಾತು ಕಡಿಮೆ ಅಂತ ಬೈದಿದ್ದೆ.

ಸಿಂಧನೂರಿನವನ ಮನೆ ಗದ್ದೆಯ ಪಕ್ಕ. ಡಿಸ್ಕಾರ್ಡ್‌ನ ಕ್ರಿಸ್ಪ್ ಹಾಕಿದರೆ ಅವನ ಹಿಂದಿನ ಸದ್ದೆಲ್ಲ ಒರೆಸಿ ಹೋಗುತ್ತದೆ. ಅವನು ಬಹಳ ಸಲ ಹಾಕೋದೇ ಮರೆಯುತ್ತಾನೆ. ಹಾಗಾಗಿ ತುಂಗಭದ್ರಾ ಎಡದಂಡೆ ಕಾಲುವೆಗೆ ನೀರು ಬಿಟ್ಟು ಗದ್ದೆ ತುಂಬಿದ್ದು ನನಗೆ ಕಪ್ಪೆಗಳಿಂದಲೇ ಗೊತ್ತಾಗುತ್ತದೆ. ಮರುದಿನ ಅಂಗಡಿಯಲ್ಲಿ ಯೂರಿಯಾ ಕೇಳಿಕೊಂಡು ಬರುತ್ತಾರೆ.

2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಅಣೆಕಟ್ಟೆಯ 19ನೇ ಗೇಟ್ ಕಿತ್ತು ಹೋಯಿತಲ್ಲ, ಅದರ ಮರುದಿನದ ಫೈಲ್ ಇಟ್ಟುಕೊಂಡಿದ್ದೇನೆ. ನಲವತ್ತು ನಿಮಿಷ. ನಾಲ್ಕನೇ ಟ್ರ್ಯಾಕಿನಲ್ಲಿ ಒಂದು ಗುಂಡೂ ಇಲ್ಲ, ಲಾಬಿಯ ಸಂಗೀತ ಮಾತ್ರ. ಮೂರನೆಯದರಲ್ಲಿ ಸಿಂಧನೂರು ಎಷ್ಟು ನೀರು ಹೋಯಿತು, ನಾಟಿ ಮಾಡಿದ ಭತ್ತಕ್ಕೆ ಎಷ್ಟು ಉಳಿಯುತ್ತದೆ ಅಂತ ಲೆಕ್ಕ ಹಾಕುತ್ತಾನೆ. ಎರಡನೆಯದು, ಅಂದರೆ ನನ್ನದು, ಹೆಚ್ಚುಕಡಿಮೆ ಸಪಾಟು. ಆ ವರ್ಷದ ನನ್ನ ಫೈಲ್‌ಗಳಲ್ಲಿ ಅಂಥದ್ದು ಅದೊಂದೇ.

ನಮ್ಮ ಮಾತೂ ಬದಲಾಗಿದೆ. ಈಗ ಯಾರೂ "ಬಿ ಕಡೆ ಹೋಗಬ್ಯಾಡ" ಅನ್ನೋದಿಲ್ಲ. "ಬ್ಯಾಡ ಬ್ಯಾಡ, ಬಿ ಬ್ಯಾಡ" ಅಂತ ವಾಕ್ಯದ ತಲೆಗೇ ಹಾಕುತ್ತೇವೆ. "ಇಲ್ಲ, ಎ ಕಡೆ ಇಲ್ಲ." ಮೊನ್ನೆ ಅಂಗಡಿಗೆ ಬಂದ ರೈತರೊಬ್ಬರು ಹತ್ತಿಗೆ ಡಿಎಪಿ ಎರಡು ಚೀಲ ಕೇಳಿದರು, ಸ್ಟಾಕ್ ಇರಲಿಲ್ಲ. ನಾನು "ಇಲ್ಲ, ಡಿಎಪಿ ಇಲ್ಲ" ಅಂದೆ. ಅವರು "ತಮ್ಮಾ, ಒಮ್ಮೆ ಹೇಳಿದ್ರ ಸಾಕು, ಕಿವಿ ಚಲೋ ಅದಾವ" ಅಂದರು.