ಒಂದೇ ವಯಸ್ಸಿನ ಹುಳು ಬೇಕಾ? ಬ್ಲೀಚ್, ಮೊಟ್ಟೆ ಇಡಿಸುವುದು, ಎಲ್4 ಆರಿಸುವುದು: ಮೂರನ್ನೂ ಮಾಡಿ ನೋಡಿದ ಮೇಲೆ

ಸಿ. ಎಲೆಗಾನ್ಸ್ ಎಂಬ ದುಂಡುಹುಳು ಬರೀ ಒಂದು ಮಿಲಿಮೀಟರ್ ಉದ್ದ. 20 ಡಿಗ್ರಿಯಲ್ಲಿ ಇಟ್ಟರೆ ಮೂರು-ಮೂರೂವರೆ ದಿನದಲ್ಲಿ ಮೊಟ್ಟೆ ಬೆಳೆದು, ತಾನೇ ಮೊಟ್ಟೆ ಇಡುವ ಹುಳುವಾಗುತ್ತದೆ. ಗಂಡಿನ ಸಹಾಯ ಇಲ್ಲದೆಯೇ ಒಂದೊಂದು ಹುಳು ಸುಮಾರು 300 ಮರಿ ಮಾಡುತ್ತದೆ. ವಾರ ಬಿಟ್ಟು ಹುಳು ಸಾಕುವ ಪ್ಲೇಟ್ ತೆಗೆದರೆ ಮೂರು ತಲೆಮಾರು ಒಟ್ಟಿಗೇ ಹರಿದಾಡುತ್ತಿರುತ್ತವೆ.

ಆಯಸ್ಸು ಅಳೆಯುವ ಪ್ರಯೋಗಕ್ಕೆ ಇದು ಆಗುವುದಿಲ್ಲ. ಹುಳು ಬದುಕುವುದೇ ಎರಡು-ಮೂರು ವಾರ, ಅದರಲ್ಲಿ ಒಂದು ದಿನದ ವ್ಯತ್ಯಾಸವೂ ಜಾಸ್ತಿಯೇ. ಜೊತೆಗೆ ಈ ಹುಳುವಿನ ದೊಡ್ಡ ಗುಣವೇ ಅದರ ಕರಾರುವಾಕ್ಕು ಬೆಳವಣಿಗೆ. ಬೆಳೆದ ದ್ವಿಲಿಂಗಿ ಹುಳುವಿನ ದೇಹದಲ್ಲಿ 959 ಜೀವಕೋಶ, ಅದರಲ್ಲಿ 302 ನರಕೋಶ. ಯಾವ ಕೋಶ ಯಾವಾಗ ಒಡೆದು ಏನಾಗುತ್ತದೆ ಎಂಬುದನ್ನು ಜಾನ್ ಸಲ್ಸ್ಟನ್ ಮತ್ತು ಜೊತೆಗಾರರು 1983ರ ಹೊತ್ತಿಗೆ ಪೂರ್ತಿ ಗುರುತಿಸಿಟ್ಟರು. ಹುಳುಗಳ ವಯಸ್ಸೇ ಕಲಸಿಹೋದರೆ ಆ ಅನುಕೂಲ ಕೈತಪ್ಪುತ್ತದೆ, ಅಲ್ವಾ?

ಬ್ಲೀಚ್

ಎಲ್ಲರೂ ಮೊದಲು ಕಲಿಯುವುದು ಇದನ್ನೇ. ಮೊಟ್ಟೆ ತುಂಬಿದ ಹುಳುಗಳನ್ನು ತೊಳೆದು ಟ್ಯೂಬಿಗೆ ಹಾಕಿ, ಬ್ಲೀಚ್ ಮತ್ತು ಸೋಡಿಯಂ ಹೈಡ್ರಾಕ್ಸೈಡ್ ಸೇರಿಸಿ ಕುಲುಕುತ್ತೇವೆ. ಆಗಾಗ ಒಂದು ಹನಿ ತೆಗೆದು ಸೂಕ್ಷ್ಮದರ್ಶಕದ ಕೆಳಗೆ ನೋಡಬೇಕು. ಮೊದಲು ಹುಳುವಿನ ಓಡಾಟ ನಿಲ್ಲುತ್ತದೆ. ಆಮೇಲೆ ಮೈ ನಡುವೆ ಬಿರಿದು ಮೊಟ್ಟೆಗಳು ಹೊರಗೆ ಚೆಲ್ಲುತ್ತವೆ. ಮೊಟ್ಟೆಗೆ ಗಟ್ಟಿ ಚಿಪ್ಪಿರುವುದರಿಂದ ಅದು ತಡೆದುಕೊಳ್ಳುತ್ತದೆ, ಆದರೆ ಸ್ವಲ್ಪ ಹೊತ್ತು ಮಾತ್ರ. ಬ್ಲೀಚ್ ಹಳೆಯದಾದಷ್ಟೂ ಶಕ್ತಿ ಕಳೆದುಕೊಳ್ಳುತ್ತದೆ. ಅದಕ್ಕೇ ಗಡಿಯಾರಕ್ಕಿಂತ ಕಣ್ಣನ್ನೇ ನಂಬಬೇಕು. ಬಹುಪಾಲು ಹುಳು ಒಡೆದ ಕೂಡಲೇ ಎಂ9 ಎಂಬ ಉಪ್ಪಿನ ದ್ರಾವಣದಲ್ಲಿ ಮೂರು-ನಾಲ್ಕು ಸಲ ತೊಳೆದು, ರಾತ್ರಿಯಿಡೀ ಊಟವಿಲ್ಲದೆ ಟ್ಯೂಬಿನಲ್ಲೇ ತಿರುಗಲು ಬಿಡುತ್ತೇವೆ.

ಬೆಳಗ್ಗೆ ಟ್ಯೂಬ್ ತುಂಬ ಎಲ್1, ಅಂದರೆ ಮೊಟ್ಟೆಯೊಡೆದು ಬಂದ ಮೊದಲ ಹಂತದ ಮರಿಗಳು. ಸಾವಿರಗಟ್ಟಲೆ! ಪ್ಲೇಟಿಗೆ ಬೂಸ್ಟು ಬಂದಿದ್ದರೆ ಅದೂ ಮಾಯ. ಇಷ್ಟು ಹುಳು, ಇಷ್ಟು ಶುದ್ಧವಾಗಿ, ಬೇರೆ ಯಾವ ದಾರಿಯಲ್ಲೂ ಸಿಗುವುದಿಲ್ಲ.

ಆದರೆ ಇವು ಒಂದೇ ಹಂತಕ್ಕೆ ಬರುವುದು ಹೇಗೆ ಎಂದು ಯೋಚಿಸಿ. ಎಲ್ಲವೂ ಒಟ್ಟಿಗೆ ಹುಟ್ಟಿದ್ದಲ್ಲ. ಮೊದಲು ಹುಟ್ಟಿದವು ತಿನ್ನಲು ಏನೂ ಸಿಗದೆ ಬೆಳವಣಿಗೆ ನಿಲ್ಲಿಸಿ ಕಾಯುತ್ತವೆ, ಹಿಂದಿನವು ಬಂದು ಸೇರಿಕೊಳ್ಳುತ್ತವೆ. ಕೆಲವು ಹತ್ತು ಗಂಟೆ ಉಪವಾಸ, ಕೆಲವು ಎರಡೇ ಗಂಟೆ. ಹೀಗೆ ಬೆಳವಣಿಗೆ ನಿಲ್ಲಿಸುವುದರಲ್ಲಿ ಇನ್ಸುಲಿನ್ ಸಂಕೇತಗಳು ಕೋಶದೊಳಗೆ ಸಾಗುವ ದಾರಿಗೆ ದೊಡ್ಡ ಪಾತ್ರವಿದೆ. 1993ರಲ್ಲಿ ಸಿಂಥಿಯಾ ಕೆನ್ಯನ್ ತಂಡ ಡ್ಯಾಫ್-2 ಜೀನ್ ಕೆಟ್ಟ ಹುಳುಗಳು ಎರಡು ಪಟ್ಟಿಗೂ ಜಾಸ್ತಿ ಬದುಕುತ್ತವೆ ಎಂದು ತೋರಿಸಿತಲ್ಲ, ಅದು ಇದೇ ದಾರಿ. ಅದೇ ದಾರಿಯ ಇನ್ನೊಂದು ಜೀನ್ ಡ್ಯಾಫ್-16 ಕೆಟ್ಟ ಹುಳುಗಳಂತೂ ಈ ಉಪವಾಸವನ್ನು ಸರಿಯಾಗಿ ತಾಳುವುದೇ ಇಲ್ಲ. ಅಂಥ ತಳಿಗಳ ಆಯಸ್ಸು ಅಳೆಯುವವರು ಬ್ಲೀಚ್‌ನಿಂದ ಶುರು ಮಾಡುವುದು ನನಗೆ ಒಪ್ಪಿಗೆಯಿಲ್ಲ. ಪರೀಕ್ಷಿಸಬೇಕಾದ ವಿಷಯವನ್ನೇ ಮೊದಲ ರಾತ್ರಿ ಕೆದಕಿದಂತಾಗುತ್ತದೆ.

ಮೊಟ್ಟೆ ಇಡಿಸುವುದು

ಹುಳುಗಳ ಊಟವಾದ ಒಪಿ50 ಬ್ಯಾಕ್ಟೀರಿಯಾ ಹರಡಿದ ಪ್ಲೇಟಿಗೆ ಹದಿನೈದಿಪ್ಪತ್ತು ಎಳೆಯ ವಯಸ್ಕ ಹುಳು ಬಿಟ್ಟು, ಎರಡು ಗಂಟೆಯ ನಂತರ ತೆಗೆದರೆ ಮುಗಿಯಿತು. ಉಪವಾಸವಿಲ್ಲ, ರಾಸಾಯನಿಕವಿಲ್ಲ. ನೂರರ ಮೇಲೆ ಮೊಟ್ಟೆ ಆರಾಮಾಗಿ ಸಿಗುತ್ತದೆ.

ತಾಯಂದಿರು ಎಳೆಯವಾಗಿರಬೇಕು ಎಂಬುದಕ್ಕೆ ಕಾರಣವಿದೆ. ಎಳೆಯ ಹುಳು ಭ್ರೂಣಕ್ಕೆ ಸುಮಾರು 30 ಕೋಶ ಆಗುವ ಹೊತ್ತಿಗೆ ಮೊಟ್ಟೆ ಹೊರಗೆ ಹಾಕುತ್ತದೆ. ವಯಸ್ಸಾದದ್ದು ಅಥವಾ ಹಸಿದದ್ದು ಒಳಗೇ ಹಿಡಿದಿಟ್ಟುಕೊಳ್ಳುತ್ತದೆ. ಆಗ ಎರಡು ಗಂಟೆಯ ಲೆಕ್ಕಕ್ಕೆ ಅರ್ಥವೇ ಇರುವುದಿಲ್ಲ. ಇನ್ನೊಂದು ಮಾತು: ಬಿಟ್ಟ ಹುಳುಗಳನ್ನು ಎಣಿಸಿ, ತೆಗೆಯುವಾಗಲೂ ಎಣಿಸಿ. ಬ್ಯಾಕ್ಟೀರಿಯಾ ಪದರದ ದಪ್ಪ ಅಂಚಿನಲ್ಲಿ ಒಂದೇ ಒಂದು ಉಳಿದುಕೊಂಡರೂ ಪ್ಲೇಟ್ ಪೂರ್ತಿ ಹಾಳು.

ಎಲ್4 ಆರಿಸುವುದು

ಎಲ್4 ಎಂದರೆ ವಯಸ್ಕವಾಗುವ ಮುಂಚಿನ ಕೊನೆಯ ಮರಿ ಹಂತ. ಎಲ್4 ಮರಿಯ ಹೊಟ್ಟೆಯ ನಡುಭಾಗದಲ್ಲಿ ತಿಳಿಯಾದ ಅರ್ಧಚಂದ್ರ ಕಾಣುತ್ತದೆ. ಯೋನಿ ರೂಪುಗೊಳ್ಳುತ್ತಿರುವ ಜಾಗ ಅದು. ಪ್ಲಾಟಿನಂ ತಂತಿಯ ತುದಿಗೆ ಸ್ವಲ್ಪ ಒಪಿ50 ಅಂಟಿಸಿಕೊಂಡು ಅಂಥವನ್ನೇ ಎತ್ತಿಕೊಂಡರೆ ಆಯಿತು. ಹಿಂದಿನ ದಿನದ ತಯಾರಿ ಏನೂ ಬೇಡ. ಆದರೆ ಆ ಹಂತವೇ ಹತ್ತು ಗಂಟೆಯ ಹತ್ತಿರ ಇರುತ್ತದೆ, ಆದ್ದರಿಂದ ವಯಸ್ಸು ಅಷ್ಟರಮಟ್ಟಿಗೆ ಆಚೀಚೆ. ಇಪ್ಪತ್ತು ಹುಳುವಿನ ಚಿತ್ರ ತೆಗೆಯಲು ಸಾಕು. ಇನ್ನೂರಕ್ಕೆ ಕಣ್ಣು ಸೋಲುತ್ತದೆ.

ನಾನು ಯಾವುದನ್ನು ಯಾವಾಗ

ಆರ್‌ಎನ್‌ಎ, ಪ್ರೋಟೀನ್ ತೆಗೆಯಲು ರಾಶಿ ಹುಳು ಬೇಕೆಂದರೆ, ಪ್ಲೇಟ್ ಸ್ವಚ್ಛ ಮಾಡಬೇಕೆಂದರೆ ಬ್ಲೀಚ್. ಆಯಸ್ಸು, ಬಿಸಿ ತಾಳುವ ಶಕ್ತಿ, ಬೆಳವಣಿಗೆಯ ವೇಗ ಇಂಥದ್ದಕ್ಕೆಲ್ಲ ಮೊಟ್ಟೆ ಇಡಿಸುವುದೇ. ಎಲ್4 ಆರಿಸುವುದು ಆವತ್ತೇ ಶುರು ಮಾಡುವ ಚಿಕ್ಕ ಕೆಲಸಕ್ಕೆ. ಬ್ಲೀಚ್ ಬಿಟ್ಟರೆ ಬೇರೆ ದಾರಿಯಿಲ್ಲ ಎಂದಾದರೆ ಹೋಲಿಸಬೇಕಾದ ಎಲ್ಲ ತಳಿಗಳನ್ನೂ ಒಂದೇ ದಿನ, ಒಂದೇ ದ್ರಾವಣದಲ್ಲಿ ಮಾಡಿ, ಅಷ್ಟೇ ಗಂಟೆ ಉಪವಾಸ ಇಡಿ. ಮೊಟ್ಟೆ ಇಡಿಸಿದರೆ ಆ ಸಮಯವನ್ನು ಪ್ಲೇಟಿನ ತಳದ ಮೇಲೆ ಬರೆಯಿರಿ. ಮುಚ್ಚಳಗಳು ಅದಲುಬದಲಾಗುತ್ತವೆ.