ಕಿಕ್ ಸ್ಕೂಟರ್‌ನ ಸಡಿಲ ಹ್ಯಾಂಡಲ್‌ಗೆ ಒಂಬತ್ತು ಆಲನ್ ಕೀಗಳ ಸೆಟ್: ಬಳಸಿ ನೋಡಿದವರ ವಿಮರ್ಶೆ

ಕಿಕ್ ಸ್ಕೂಟರ್‌ನ ಪೆಟ್ಟಿಗೆಯಲ್ಲಿ ಬರುವ ಬೆರಳುದ್ದದ ಆಲನ್ ಕೀ (ತಲೆಯಲ್ಲಿ ಆರು ಮೂಲೆಯ ಕುಳಿ ಇರುವ ಬೋಲ್ಟನ್ನು ತಿರುಗಿಸುವ ಸಾಧನ) ಹ್ಯಾಂಡಲ್ಲನ್ನು ಜೋಡಿಸುವ ಮಟ್ಟಿಗೆ ಸಾಕು. ಜೋಡಿಸಿದ ಹ್ಯಾಂಡಲ್ ತಿಂಗಳುಗಟ್ಟಲೆ ಅಲುಗದೆ ನಿಲ್ಲಬೇಕೆಂದರೆ ಅದು ಸಾಲದು. ಆ ಕೆಲಸಕ್ಕೆಂದೇ ನಾನು ಕೊಂಡು ಬಳಸುತ್ತಿರುವ, ಪ್ಲಾಸ್ಟಿಕ್ ಹೋಲ್ಡರ್‌ನಲ್ಲಿ ಸಾಲಾಗಿ ಸಿಕ್ಕಿಸಿಟ್ಟ ಒಂಬತ್ತು ಆಲನ್ ಕೀಗಳ ಸೆಟ್ಟನ್ನು ಇಲ್ಲಿ ಪರಿಶೀಲಿಸುತ್ತಿದ್ದೇನೆ. ಇದರಲ್ಲಿರುವ ಅಳತೆಗಳು 1.5, 2, 2.5, 3, 4, 5, 6, 8 ಮತ್ತು 10 ಮಿಲಿಮೀಟರ್. ಪ್ರತಿಯೊಂದು ಕೀಯೂ ಎಲ್ ಆಕಾರದಲ್ಲಿದ್ದು, ಉದ್ದದ ತೋಳಿನ ತುದಿಯಲ್ಲಿ ಗುಂಡು ತಲೆಯನ್ನೂ ಗಿಡ್ಡ ತೋಳಿನ ತುದಿಯಲ್ಲಿ ಸಾದಾ ಆರು ಮೂಲೆಯ ತಲೆಯನ್ನೂ ಹೊಂದಿದೆ. ಇದೇ ಅಳತೆಗಳ, ಇದೇ ಆಕಾರದ ಸೆಟ್‌ಗಳನ್ನು ಹಲವು ಕಂಪನಿಗಳು ತಯಾರಿಸುವುದರಿಂದ ಮುಂದೆ ಹೇಳುವ ಮಾತುಗಳಲ್ಲಿ ಬಹುಪಾಲು ಆ ಬಗೆಯ ಎಲ್ಲ ಸೆಟ್‌ಗಳಿಗೂ ಅನ್ವಯಿಸುತ್ತವೆ.

ಒಂಬತ್ತು ಕೀಗಳಿದ್ದರೂ ಸ್ಕೂಟರ್‌ನ ಹ್ಯಾಂಡಲ್‌ಗೆ ನಿಜವಾಗಿ ದುಡಿಯುವವು ಮೂರೇ. ಹ್ಯಾಂಡಲ್ಲನ್ನು ಫೋರ್ಕಿಗೆ, ಅಂದರೆ ಮುಂದಿನ ಚಕ್ರವನ್ನು ಹೊತ್ತ ಕವಲಿಗೆ, ಹಿಡಿದಿಡುವ ಕ್ಲ್ಯಾಂಪಿನ ಬೋಲ್ಟ್‌ಗಳು ಸಾಮಾನ್ಯವಾಗಿ ಎಂ5, ಎಂ6 ಅಥವಾ ಎಂ8 ಅಳತೆಯವು (ಅಂಕಿ ಸೂಚಿಸುವುದು ಮಿಲಿಮೀಟರ್ ಲೆಕ್ಕದಲ್ಲಿ ಬೋಲ್ಟಿನ ವ್ಯಾಸವನ್ನು). ಸಿಲಿಂಡರ್ ಆಕಾರದ ತಲೆಯ ಬೋಲ್ಟ್‌ಗಳಾದರೆ ಇವುಗಳಿಗೆ ಕ್ರಮವಾಗಿ 4, 5 ಮತ್ತು 6 ಮಿಲಿಮೀಟರ್ ಕೀ ಬೇಕಾಗುತ್ತದೆ. ಹಾಗೆಂದು ಈ ಮೂರನ್ನೇ ಬಿಡಿಯಾಗಿ ಕೊಂಡರೆ ಸಾಲದೇ ಎಂದು ಕೇಳುವವರಿಗೆ ಸಾಕು ಎಂದೇ ಉತ್ತರಿಸುತ್ತೇನೆ, ಬಿಡಿ ಕೀಗಳು ಉದ್ದದ ತೋಳಿನವು ಆಗಿದ್ದರೆ ಮಾತ್ರ. ಚಕ್ರದ ಆಕ್ಸಲ್ ಬಿಚ್ಚುವಾಗ ಎರಡೂ ಬದಿಗಳಲ್ಲಿ ಒಂದೇ ಅಳತೆಯ ಎರಡು ಕೀಗಳು ಒಟ್ಟಿಗೆ ಬೇಕಾಗುವ ಸ್ಕೂಟರ್‌ಗಳು ಬಹಳ ಇವೆ. ಸೆಟ್‌ನಲ್ಲಿ ಪ್ರತಿ ಅಳತೆಗೆ ಒಂದೇ ಕೀ ಇರುವುದರಿಂದ ಪೆಟ್ಟಿಗೆಯ ಹಳೆಯ ಕೀಯನ್ನು ಎಸೆಯದೆ ಇಟ್ಟುಕೊಳ್ಳುವುದು ಒಳ್ಳೆಯದು. ಅದಕ್ಕೆ ಸಿಗುವ ಗೌರವದ ಕೆಲಸ ಇದೊಂದೇ.

ಉದ್ದದ ತೋಳಿನ ಬಗ್ಗೆ ಸ್ವಲ್ಪ ವಿವರವಾಗಿ ಹೇಳಬೇಕು, ಏಕೆಂದರೆ ಸೆಟ್‌ನ ಬೆಲೆ ಇರುವುದೇ ಅಲ್ಲಿ. ಬೋಲ್ಟಿಗೆ ತಲುಪುವ ತಿರುಚು ಬಲವೆಂದರೆ ಕೈಯ ಬಲವನ್ನು ತೋಳಿನ ಉದ್ದದಿಂದ ಗುಣಿಸಿದಾಗ ಬರುವ ಗುಣಲಬ್ಧ. ಕೈಯಿಂದ 100 ನ್ಯೂಟನ್ ಬಲ ಹಾಕಿದರೆ, 6 ಸೆಂಟಿಮೀಟರ್ ತೋಳಿನ ಕೀಯಲ್ಲಿ ಬೋಲ್ಟಿಗೆ ಸಿಗುವುದು 6 ನ್ಯೂಟನ್ ಮೀಟರ್. 15 ಸೆಂಟಿಮೀಟರ್ ತೋಳಿನಲ್ಲಿ ಅದೇ ಕೈಯಿಂದ 15 ನ್ಯೂಟನ್ ಮೀಟರ್ ಸಿಗುತ್ತದೆ. 8.8 ಎಂಬ ಬಲದ ದರ್ಜೆಯ ಎಂ6 ಉಕ್ಕಿನ ಬೋಲ್ಟನ್ನು ಸುಮಾರು 10 ನ್ಯೂಟನ್ ಮೀಟರ್‌ವರೆಗೆ ಬಿಗಿಯುವುದು ವಾಡಿಕೆ. ಅಂದರೆ ಗಿಡ್ಡ ಕೀಯಲ್ಲಿ ಅಂಗೈ ಕೆಂಪಾಗುವಷ್ಟು ಒತ್ತಿದರೂ ಕೊರತೆ ಉಳಿಯಬಹುದು, ಉದ್ದದ ಕೀಯಲ್ಲಿ ಅರಿವಿಲ್ಲದೆಯೇ ಮಿತಿ ಮೀರಬಹುದು. ಈ ಎರಡನೆಯ ಅಪಾಯವನ್ನು ಹಗುರವಾಗಿ ತೆಗೆದುಕೊಳ್ಳುವಂತಿಲ್ಲ. ಕ್ಲ್ಯಾಂಪ್ ಅಲ್ಯೂಮಿನಿಯಂನದಾಗಿದ್ದು ಬೋಲ್ಟ್ ಉಕ್ಕಿನದಾಗಿದ್ದರೆ ಮೊದಲು ಹಾಳಾಗುವುದು ಕ್ಲ್ಯಾಂಪಿನೊಳಗಿನ ಥ್ರೆಡ್, ಅಂದರೆ ಬೋಲ್ಟ್ ತಿರುಗಿ ಕೂರುವ ಸುರುಳಿ ಗೀರು. ಅದು ಒಮ್ಮೆ ಕಿತ್ತು ಬಂದರೆ ಯಾವ ಕೀಯಿಂದಲೂ ಪ್ರಯೋಜನವಿಲ್ಲ. ಆದ್ದರಿಂದ ಸ್ಕೂಟರ್‌ನ ಕೈಪಿಡಿಯಲ್ಲಿ ಅಥವಾ ಕ್ಲ್ಯಾಂಪಿನ ಮೇಲೆ ಅಂಕಿ ನಮೂದಿಸಿದ್ದರೆ ಅದೇ ಕೊನೆಯ ಮಾತು, ಮತ್ತು ಆ ಅಂಕಿಯನ್ನು ಖಚಿತವಾಗಿ ಮುಟ್ಟಬೇಕೆನ್ನುವವರಿಗೆ ತಿರುಚು ಬಲವನ್ನು ಅಳೆದು ಬಿಗಿಯುವ ಟಾರ್ಕ್ ರೆಂಚ್ ಬೇಕೇ ಹೊರತು ಈ ಸೆಟ್ ಅಲ್ಲ.

ಅಳತೆಯ ನಿಖರತೆಯಲ್ಲಿ ಈ ಸೆಟ್ ನನಗೆ ತೃಪ್ತಿ ಕೊಟ್ಟಿದೆ. 5 ಮಿಲಿಮೀಟರ್ ಕೀ ಬೋಲ್ಟಿನ ತಲೆಯೊಳಗೆ ಇಳಿದ ಮೇಲೆ ಅಲುಗಾಟವೇ ಇರುವುದಿಲ್ಲ. ಇಲ್ಲಿ ಒಂದು ಎಚ್ಚರಿಕೆ ಅಗತ್ಯ: ಮನೆಯಲ್ಲಿ ಇಂಚಿನ ಅಳತೆಯ ಕೀಗಳೂ ಇದ್ದರೆ, 3/16 ಇಂಚಿನ ಕೀ 5 ಮಿಲಿಮೀಟರ್ ಕುಳಿಗೆ ಸಲೀಸಾಗಿ ಇಳಿಯುತ್ತದೆ, ಆದರೆ ಅದರ ಅಳತೆ 4.76 ಮಿಲಿಮೀಟರ್ ಮಾತ್ರ. ಆ ಕಾಲು ಮಿಲಿಮೀಟರ್‌ನಷ್ಟು ಸಂದು ಸಾಕು, ಬಲ ಬಿದ್ದೊಡನೆ ಕೀ ಜಾರಿ ಕುಳಿಯ ಆರೂ ಮೂಲೆಗಳು ದುಂಡಗಾಗುತ್ತವೆ. ಬೋಲ್ಟಿನ ಕುಳಿಯಲ್ಲಿ ಸೇರಿಕೊಂಡ ಮಣ್ಣನ್ನು ಸೂಜಿಯಿಂದ ಕೆದರಿ ತೆಗೆಯದೆ ಕೀ ಹಾಕಿದರೂ ಇದೇ ಗತಿ, ಏಕೆಂದರೆ ಕೀ ಪೂರ್ತಿ ಆಳಕ್ಕೆ ಇಳಿದಿರುವುದಿಲ್ಲ.

ಸೆಟ್ಟನ್ನು ಕೈಗೆತ್ತಿಕೊಳ್ಳುವ ಮೊದಲು ಸಡಿಲವಾಗಿರುವುದು ಯಾವ ಭಾಗವೆಂದು ಗುರುತಿಸಬೇಕು. ಹ್ಯಾಂಡಲ್ ಲೂಸಾಗಿದೆ ಎಂಬ ಒಂದೇ ದೂರಿನ ಹಿಂದೆ ಬೇರೆ ಬೇರೆ ದೋಷಗಳಿರುತ್ತವೆ, ಅವುಗಳಲ್ಲಿ ಕೆಲವಕ್ಕೆ ಮಾತ್ರ ಆಲನ್ ಕೀ ಮದ್ದು. ಮುಂದಿನ ಚಕ್ರವನ್ನು ಮೊಣಕಾಲುಗಳ ನಡುವೆ ಅದುಮಿ ಹಿಡಿದು ಹ್ಯಾಂಡಲ್ಲನ್ನು ಎಡಕ್ಕೂ ಬಲಕ್ಕೂ ತಿರುಗಿಸಿದಾಗ, ಚಕ್ರ ನಿಂತಲ್ಲೇ ಇದ್ದು ಹ್ಯಾಂಡಲ್ ಮಾತ್ರ ತಿರುಗಿದರೆ ಕ್ಲ್ಯಾಂಪ್ ಹಿಡಿಯುತ್ತಿಲ್ಲವೆಂದು ಅರ್ಥ. ಹ್ಯಾಂಡಲ್ಲನ್ನು ಹಿಂದಕ್ಕೂ ಮುಂದಕ್ಕೂ ದೂಡಿದಾಗ ಕಟಕಟ ಸದ್ದು ಬಂದರೆ, ಫೋರ್ಕ್ ತಿರುಗಲು ನೆರವಾಗುವ ಹೆಡ್‌ಸೆಟ್ ಬೇರಿಂಗ್‌ಗಳಲ್ಲಿ ಪ್ಲೇ, ಅಂದರೆ ಅಲುಗಾಟಕ್ಕೆ ಎಡೆ, ಇದೆ. ಸೈಕಲ್ಲಿನಲ್ಲಾದರೆ ಮುಂದಿನ ಬ್ರೇಕ್ ಒತ್ತಿ ಹಿಡಿದು ಈ ಪರೀಕ್ಷೆ ಮಾಡುತ್ತಾರೆ. ಬಹುತೇಕ ಕಿಕ್ ಸ್ಕೂಟರ್‌ಗಳಲ್ಲಿ ಬ್ರೇಕ್ ಇರುವುದು ಹಿಂದಿನ ಮಡ್‌ಗಾರ್ಡ್‌ನಲ್ಲಿ ಮಾತ್ರವಾದ್ದರಿಂದ ಮುಂದಿನ ಚಕ್ರವನ್ನು ಗೋಡೆಗೆ ಒತ್ತಿ ನಿಲ್ಲಿಸಿಕೊಳ್ಳಬೇಕು. ಮಡಚುವ ಸ್ಕೂಟರ್ ಆಗಿದ್ದರೆ ಮಡಚುವ ಕೀಲಿನ ಸಂದಿಯ ಮೇಲೆ ಬೆರಳಿಟ್ಟುಕೊಂಡು ಇನ್ನೊಮ್ಮೆ ದೂಡಿ ನೋಡುವುದು ಉಚಿತ. ಅಲುಗಾಟ ಬೆರಳಿಗೆ ತಾಗಿದರೆ ತಪ್ಪು ಮೇಲಿನ ಬೋಲ್ಟ್‌ಗಳದ್ದಲ್ಲ.

ಕ್ಲ್ಯಾಂಪ್ ಮತ್ತು ಹೆಡ್‌ಸೆಟ್ ಎರಡೂ ಸಡಿಲವಾಗಿರುವುದೇ ಹೆಚ್ಚು, ಅಲ್ಲಿ ಎಲ್ಲಕ್ಕಿಂತ ಮುಖ್ಯವಾದದ್ದು ಕೆಲಸದ ಕ್ರಮ. ಥ್ರೆಡ್ ಇಲ್ಲದ ಹೆಡ್‌ಸೆಟ್ ಇರುವ ಸ್ಕೂಟರ್‌ಗಳಲ್ಲಿ ಬೇರಿಂಗ್‌ಗಳನ್ನು ಒತ್ತಿ ಹಿಡಿಯಲು ಕಂಪ್ರೆಷನ್ ಬೋಲ್ಟ್ ಎಂಬ ಒಂದು ಪ್ರತ್ಯೇಕ ಬೋಲ್ಟ್ ಇರುತ್ತದೆ. ಕ್ಲ್ಯಾಂಪ್ ಬಿಗಿಯಾಗಿರುವಾಗ ಇದನ್ನು ಎಷ್ಟು ತಿರುಗಿಸಿದರೂ ಬೇರಿಂಗ್‌ಗಳ ಮೇಲೆ ಒತ್ತಡ ಬೀಳುವುದಿಲ್ಲ. ಬೋಲ್ಟ್ ಮಾತ್ರ ವೃಥಾ ಬಳಲುತ್ತದೆ. ಹಾಗಾಗಿ ಮೊದಲು ಕ್ಲ್ಯಾಂಪಿನ ಬೋಲ್ಟ್‌ಗಳನ್ನು ಸಡಿಲಿಸಿ, ಆಮೇಲೆ ಕಂಪ್ರೆಷನ್ ಬೋಲ್ಟನ್ನು ಸ್ವಲ್ಪ ಸ್ವಲ್ಪವಾಗಿ ತಿರುಗಿಸುತ್ತ, ಕಟಕಟ ಸದ್ದು ನಿಂತು ಫೋರ್ಕ್ ಇನ್ನೂ ಸರಾಗವಾಗಿ ತಿರುಗುವ ಹಂತದಲ್ಲಿ ನಿಲ್ಲಿಸಬೇಕು. ಫೋರ್ಕ್ ಒರಟಾಗಿ ತಡೆತಡೆದು ತಿರುಗತೊಡಗಿದರೆ ಒತ್ತಡ ಹೆಚ್ಚಾಗಿದೆಯೆಂದು ತಿಳಿದು ತುಸು ಹಿಂದಕ್ಕೆ ಬರಬೇಕು. ಸೆಟ್‌ನ ಉದ್ದದ ತೋಳು ಇಲ್ಲಿ ಇನ್ನೊಂದು ರೀತಿಯಲ್ಲಿ ಉಪಕಾರಿ: ಕೆಲವು ಸ್ಕೂಟರ್‌ಗಳಲ್ಲಿ ಈ ಬೋಲ್ಟ್ ಫೋರ್ಕಿನ ಕೊಳವೆಯೊಳಗೆ ಕೆಳಗಿನಿಂದ ಕೂತಿರುವುದರಿಂದ ಮುಂದಿನ ಚಕ್ರವನ್ನು ಬಿಚ್ಚಿ ಕೆಳಗಿನಿಂದಲೇ ಕೀ ತೂರಿಸಬೇಕಾಗುತ್ತದೆ, ಬೆರಳುದ್ದದ ಕೀ ಅಲ್ಲಿಗೆ ತಲುಪುವ ಮಾತೇ ಇಲ್ಲ. ಬೇರೆ ಕೆಲವು ವಿನ್ಯಾಸಗಳಲ್ಲಿ ಬೋಲ್ಟ್ ಹ್ಯಾಂಡಲ್ ಕೊಳವೆಯ ಮರೆಯಲ್ಲಿರುತ್ತದೆ, ಹ್ಯಾಂಡಲ್ಲನ್ನೇ ಮೇಲಕ್ಕೆ ಎಳೆದು ತೆಗೆದ ಮೇಲಷ್ಟೇ ಅದು ಕಾಣಿಸುತ್ತದೆ.

ಬೇರಿಂಗ್ ಸರಿಹೋದ ಬಳಿಕ ಹ್ಯಾಂಡಲ್ಲನ್ನು ಚಕ್ರಕ್ಕೆ ನೇರವಾಗಿ ನಿಲ್ಲಿಸಿ ಕ್ಲ್ಯಾಂಪನ್ನು ಬಿಗಿಯಬೇಕು. ಎರಡು, ಮೂರು ಅಥವಾ ನಾಲ್ಕು ಬೋಲ್ಟ್‌ಗಳ ಕ್ಲ್ಯಾಂಪಿನಲ್ಲಿ ಒಂದನ್ನು ಪೂರ್ತಿ ಬಿಗಿದು ಇನ್ನೊಂದಕ್ಕೆ ಹೋದರೆ ಕ್ಲ್ಯಾಂಪ್ ಓರೆಯಾಗಿ ಕಚ್ಚಿಕೊಳ್ಳುತ್ತದೆ. ಆಗ ಮೊದಲು ಬಿಗಿದ ಬೋಲ್ಟ್, ಕೊನೆಯದನ್ನು ಬಿಗಿಯುವಷ್ಟರಲ್ಲಿ ತಾನಾಗಿಯೇ ಸಡಿಲವಾಗಿರುತ್ತದೆ. ಕಾಲು ಸುತ್ತಿನಂತೆ ಒಂದಾದ ಮೇಲೊಂದನ್ನು ತಿರುಗಿಸುತ್ತ ಹೋಗಿ, ಕೊನೆಗೆ ಎಲ್ಲವನ್ನೂ ಮತ್ತೊಂದು ಬಾರಿ ಮುಟ್ಟಿ ನೋಡಬೇಕು. ಬಿಗಿದ ಮೇಲೂ ಕ್ಲ್ಯಾಂಪಿನ ಸೀಳಿನಲ್ಲಿ ಸ್ವಲ್ಪ ಸಂದು ಉಳಿದಿರಲೇಬೇಕು. ಸೀಳಿನ ಎರಡು ಅಂಚುಗಳು ಒಂದಕ್ಕೊಂದು ತಾಗಿಬಿಟ್ಟಿದ್ದರೆ ನಮ್ಮ ಬಲವೆಲ್ಲ ಅಂಚುಗಳನ್ನು ಒತ್ತುವುದರಲ್ಲೇ ವ್ಯರ್ಥವಾಗುತ್ತಿದೆ, ಕೊಳವೆಗೆ ಹಿಡಿತ ಸಿಗುತ್ತಿಲ್ಲ. ಅಂಥಲ್ಲಿ ದೋಷ ಬೋಲ್ಟಿನದಾಗಿರುವುದಿಲ್ಲ: ಒಳಗಿರಬೇಕಾದ ಶಿಮ್ (ಸಂದು ತುಂಬುವ ತೆಳು ಲೋಹದ ತುಂಡು) ಬಿದ್ದುಹೋಗಿರಬಹುದು, ಅಥವಾ ಕ್ಲ್ಯಾಂಪ್ ಬೇರೆ ವ್ಯಾಸದ್ದಾಗಿರಬಹುದು. ಸ್ಟಂಟ್ ಸ್ಕೂಟರ್‌ಗಳ ಹ್ಯಾಂಡಲ್ ಕೊಳವೆಗಳಲ್ಲಿ 31.8 ಮತ್ತು 34.9 ಮಿಲಿಮೀಟರ್ ಎಂಬ ಎರಡು ಹೊರವ್ಯಾಸಗಳು ಬಳಕೆಯಲ್ಲಿವೆ, ದೊಡ್ಡದಕ್ಕೆಂದು ಮಾಡಿದ ಕ್ಲ್ಯಾಂಪ್ ಶಿಮ್ ಇಲ್ಲದೆ ಚಿಕ್ಕದನ್ನು ಎಂದಿಗೂ ಸರಿಯಾಗಿ ಹಿಡಿಯುವುದಿಲ್ಲ. ಕ್ಲ್ಯಾಂಪಿನ ಒಳಮೈಯಲ್ಲಿ ಗ್ರೀಸ್ ಮೆತ್ತಿಕೊಂಡಿದ್ದರೆ ಅದನ್ನೂ ಬಟ್ಟೆಯಿಂದ ಒರೆಸಿ ತೆಗೆಯಬೇಕು. ಹಿಡಿತಕ್ಕೆ ಬೇಕಾದ ಘರ್ಷಣೆಯನ್ನು ಅದು ಕದಿಯುತ್ತದೆ.

ಇನ್ನು ಗುಂಡು ತಲೆಯ ವಿಷಯ. ಮಾರುವವರು ಹೆಚ್ಚಾಗಿ ಹೊಗಳುವುದು ಇದನ್ನೇ, ನನಗೆ ಹೆಚ್ಚು ತಕರಾರು ಇರುವುದೂ ಇದರ ಬಗ್ಗೆಯೇ. ಬೋಲ್ಟಿಗೆ ನೇರವಾಗಿ ನಿಲ್ಲಲು ಜಾಗವಿಲ್ಲದಿರುವಾಗ ಓರೆಯಾಗಿ ಕೀ ಹಾಕಿ ತಿರುಗಿಸಲು ಗುಂಡು ತಲೆ ಅನುಕೂಲ; ಕ್ಲ್ಯಾಂಪಿನ ಹಿಂಬದಿಯ ಬೋಲ್ಟನ್ನು ಸರಸರನೆ ಒಳಗೆ ಇಳಿಸುವಾಗ ಅದರ ಉಪಯೋಗ ಚೆನ್ನಾಗಿ ತಿಳಿಯುತ್ತದೆ. ಆದರೆ ಗುಂಡು ತಲೆ ಕುಳಿಯ ಗೋಡೆಗಳನ್ನು ಮುಟ್ಟುವ ಜಾಗ ಬಹಳ ಕಡಿಮೆ, ಗುಂಡಿನ ಹಿಂದಿನ ಕುತ್ತಿಗೆಯೂ ಸಪೂರ. ಕೊನೆಯ ಬಿಗಿತವನ್ನು ಅದರಿಂದಲೇ ಕೊಟ್ಟರೆ ಕುಳಿಯೂ ಕೆಡಬಹುದು, ಕುತ್ತಿಗೆ ಮುರಿದು ಗುಂಡು ಬೋಲ್ಟಿನೊಳಗೇ ಉಳಿಯಲೂಬಹುದು. ಸಂಕಟವೇನೆಂದರೆ, ಈ ಸೆಟ್‌ನಲ್ಲಿ ಸಾದಾ ತಲೆ ಇರುವುದು ಗಿಡ್ಡ ತೋಳಿನಲ್ಲಿ. ಅದನ್ನು ಬೋಲ್ಟಿಗೆ ಹಾಕಿ ಉದ್ದದ ತೋಳನ್ನು ಹಿಡಿಕೆಯಾಗಿ ಬಳಸಿದರೆ ಬೇಕಾದ ಬಲ ಪೂರ್ತಿ ಸಿಗುತ್ತದೆ, ಅದೇ ಸರಿಯಾದ ವಿಧಾನ. ಆದರೆ ಹ್ಯಾಂಡಲ್ ಕೊಳವೆಗೆ ತೀರ ಹತ್ತಿರವಿರುವ ಬೋಲ್ಟ್‌ಗಳಲ್ಲಿ ಉದ್ದದ ತೋಳು ಕೊಳವೆಗೆ ತಾಗುವುದರಿಂದ ಸ್ವಲ್ಪ ಸ್ವಲ್ಪ ತಿರುಗಿಸಿ, ಕೀಯನ್ನು ತೆಗೆದು ಮತ್ತೆ ಹಾಕಬೇಕಾಗುತ್ತದೆ. ಎರಡೂ ತುದಿ ಸಾದಾ ಆಗಿರುವ ಸೆಟ್ ಸಿಕ್ಕುವುದಾದರೆ, ಸ್ಕೂಟರ್ ಒಂದಕ್ಕೇ ಕೊಳ್ಳುವವರು ಅದನ್ನೇ ಆರಿಸಿಕೊಳ್ಳುವುದು ಮೇಲು.

ಸರಿಯಾಗಿ ಬಿಗಿದರೂ ಒರಟು ರಸ್ತೆಯ ಕಂಪನಕ್ಕೆ ಬೋಲ್ಟ್‌ಗಳು ಮತ್ತೆ ಸಡಿಲವಾಗುವುದುಂಟು. ಇದಕ್ಕೆ ಕೀ ಉತ್ತರವಲ್ಲ. ಥ್ರೆಡ್‌ಗೆ ಹಾಕುವ ಲಾಕಿಂಗ್ ಅಂಟು ಬೇಕು. ಸಾಮಾನ್ಯವಾಗಿ ನೀಲಿ ಬಣ್ಣದಲ್ಲಿ ಬರುವ ಮಧ್ಯಮ ಶಕ್ತಿಯ ಅಂಟಿನ ಒಂದು ಹನಿ, ಎಣ್ಣೆಯಿಲ್ಲದಂತೆ ಒರೆಸಿದ ಥ್ರೆಡ್‌ಗೆ ಸಾಕು. ಗಾಳಿ ತಾಗದ ಕಡೆ ಲೋಹದ ನಡುವೆ ಗಟ್ಟಿಯಾಗುವ ಈ ಅಂಟು ಪೂರ್ತಿ ಬಲ ಪಡೆಯಲು ಸುಮಾರು 24 ಗಂಟೆ ತೆಗೆದುಕೊಳ್ಳುತ್ತದೆ, ಆಮೇಲೂ ಕೈ ಕೀಯಿಂದಲೇ ಬಿಚ್ಚಬಹುದು. ಕೆಂಪು ಬಣ್ಣದ ಹೆಚ್ಚು ಶಕ್ತಿಯ ಅಂಟನ್ನು ಬಿಚ್ಚಲು ಬೋಲ್ಟನ್ನು ಚೆನ್ನಾಗಿ ಕಾಯಿಸಬೇಕಾಗುವುದರಿಂದ ಸ್ಕೂಟರ್‌ಗೆ ಅದು ಬೇಡ. ಕಂಪ್ರೆಷನ್ ಬೋಲ್ಟನ್ನು ಮತ್ತೆ ಮತ್ತೆ ಹೊಂದಿಸಬೇಕಾಗುವುದರಿಂದ ಅದಕ್ಕೆ ನಾನು ಅಂಟು ಹಾಕುವುದಿಲ್ಲ.

ಸೆಟ್ ಕೈಕಟ್ಟಿ ಕೂರುವ ಸಂದರ್ಭಗಳೂ ಇವೆ. ಮಕ್ಕಳ ಮಡಚುವ ಸ್ಕೂಟರ್‌ಗಳಲ್ಲಿ ಹಲವಕ್ಕೆ ಥ್ರೆಡ್ ಇರುವ ಹೆಡ್‌ಸೆಟ್ ಇರುತ್ತದೆ. ಅದರಲ್ಲಿ ಒಂದರ ಮೇಲೊಂದು ಕೂತ ಎರಡು ದೊಡ್ಡ ನಟ್‌ಗಳನ್ನು ಏಕಕಾಲದಲ್ಲಿ ಹಿಡಿಯಲು ಎರಡು ತೆಳ್ಳನೆಯ ಸ್ಪ್ಯಾನರ್‌ಗಳೇ ಬೇಕು. ಎತ್ತರ ಹೊಂದಿಸುವಲ್ಲಿ ಲಿವರ್ ಇರುವ ಕಾಲರ್ ಇದ್ದರೆ, ಲಿವರ್ ತೆರೆದು ಎದುರು ಬದಿಯ ನಟ್ಟನ್ನು ಬೆರಳಿನಿಂದ ಅರ್ಧ ಸುತ್ತು ತಿರುಗಿಸಿ ಮತ್ತೆ ಮುಚ್ಚಿದರೆ ಕೆಲಸ ಮುಗಿಯಿತು, ಯಾವ ಸಾಧನವೂ ಬೇಡ. ಮಡಚುವ ಕೀಲಿನ ಪಿನ್ ಸವೆದಿದ್ದರೆ ಬಿಗಿಯುವ ಪ್ರಶ್ನೆಯೇ ಬರುವುದಿಲ್ಲ, ಆ ಭಾಗವನ್ನು ಬದಲಿಸಬೇಕು.

ಸಣ್ಣಪುಟ್ಟ ಕೊರತೆಗಳನ್ನೂ ಹೇಳಿಬಿಡುತ್ತೇನೆ. ಕೀಗಳ ಮೇಲಿನ ಕಪ್ಪು ಲೇಪ ತೇವ ತಡೆಯುವುದಿಲ್ಲ, ಒದ್ದೆ ಕೈಯಲ್ಲಿ ಬಳಸಿ ಹಾಗೇ ಇಟ್ಟರೆ ತುಕ್ಕಿನ ಚುಕ್ಕೆಗಳು ಏಳುತ್ತವೆ. ಅಳತೆಯ ಅಂಕಿಗಳನ್ನು ಕೆತ್ತಿರುವುದು ಎಷ್ಟು ನವಿರಾಗಿದೆಯೆಂದರೆ ಮಬ್ಬು ಬೆಳಕಿನಲ್ಲಿ 5 ಯಾವುದು, 6 ಯಾವುದು ಎಂದು ಹೋಲ್ಡರ್‌ನ ಜಾಗ ನೋಡಿಯೇ ತಿಳಿಯಬೇಕು. ಹೋಲ್ಡರ್ ಆರಂಭದಲ್ಲಿ ಕೀಗಳನ್ನು ಭದ್ರವಾಗಿ ಹಿಡಿದರೂ ಬಳಸುತ್ತ ಬಂದಂತೆ ಸಣ್ಣ ಕೀಗಳ ಜಾಗ ಅಗಲವಾಗಿ, 1.5 ಮತ್ತು 2 ಮಿಲಿಮೀಟರ್‌ನವು ಜಾರಿ ಬೀಳುತ್ತವೆ.

ಕ್ಲ್ಯಾಂಪ್ ಇರುವ ಸ್ಕೂಟರ್ ಉಳ್ಳವರಿಗೆ ಈ ಸೆಟ್ಟನ್ನು ನಾನು ಸಂಕೋಚವಿಲ್ಲದೆ ಶಿಫಾರಸು ಮಾಡುತ್ತೇನೆ. ಲಿವರ್ ಮತ್ತು ಲಾಕ್ ನಟ್ ಮಾತ್ರ ಇರುವ ಸ್ಕೂಟರ್‌ನವರು ಅದೇ ಹಣದಲ್ಲಿ ತಮ್ಮ ನಟ್‌ಗಳ ಅಳತೆಗೆ ಹೊಂದುವ ಸ್ಪ್ಯಾನರ್ ಕೊಳ್ಳಲಿ. ಎಲ್ಲಕ್ಕಿಂತ ಮೊದಲು ಸವೆಯುವುದು 5 ಮಿಲಿಮೀಟರ್ ಕೀ. ಅದರ ತುದಿಯ ಅಂಚುಗಳು ಹೊಳೆಯತೊಡಗಿ ದುಂಡಗಾದದ್ದು ಕಂಡರೆ ಇಡೀ ಸೆಟ್ ಬದಲಿಸಬೇಕಾಗಿಲ್ಲ, ಆ ಅಳತೆಯ ಬಿಡಿ ಕೀ ಒಂದನ್ನು ತಂದು ಅದೇ ಜಾಗದಲ್ಲಿ ಸಿಕ್ಕಿಸಿಕೊಂಡರಾಯಿತು.