ಉಪ್ಪು ಬಾವಿಗೆ ಆರ್‌ಒ ಹಾಕಿಸಿದ ಮೇಲೆ

ಕಾರವಾರದ ಹತ್ತಿರ, ಕಾಳಿ ನದಿ ದಂಡೆಯಲ್ಲಿ ನಮ್ಮ ಮನೆ. ಮಾರ್ಚ್ ಬಂತೆಂದರೆ ಬಾವಿ ನೀರು ಉಪ್ಪು. ಹೋದ ವರ್ಷ ಆರ್‌ಒ ಯಂತ್ರ, ಅಂದರೆ ಉಪ್ಪುನೀರನ್ನು ಸೂಕ್ಷ್ಮ ಪೊರೆಯಲ್ಲಿ ಸೋಸಿ ಸಿಹಿ ಮಾಡುವ ಯಂತ್ರ ತಂದೆವು. ನೀರಿನ ರುಚಿ ತುಂಬಾ ಚೆನ್ನಾಗಿದೆ, ಅದಕ್ಕೆ ಪೂರ್ತಿ ಅಂಕ. ಆದರೆ ಒಂದು ಕೊಡ ಸಿಹಿನೀರಿಗೆ ಹತ್ತಿರ ಹತ್ತಿರ ಮೂರು ಕೊಡ ಇನ್ನೂ ಉಪ್ಪಾದ ನೀರು ಹೊರಗೆ ಹೋಗುತ್ತದೆ, ಮಾರುವಾಗ ಇದನ್ನು ಯಾರೂ ಹೇಳಲಿಲ್ಲ. ಆ ನೀರನ್ನು ಬುಡಕ್ಕೆ ಬಿಟ್ಟಿದ್ದಕ್ಕೆ ಅಮ್ಮನ ಬಸಳೆ ಚಪ್ಪರ ಒಣಗಿಹೋಯಿತು.

ಕರಾವಳಿಗೆ ಸಮುದ್ರದ ನೀರು ಸಿಹಿ ಮಾಡುವ ಘಟಕ ಬೇಕು ಎನ್ನುವವರಿಗೆ ಈ ಬಸಳೆ ತೋರಿಸಬೇಕು ಅನ್ನಿಸುತ್ತದೆ. ಅಲ್ಲೂ ಇದೇ ಕೆಲಸ, ಗಾತ್ರ ಮಾತ್ರ ಬೇರೆ. ಚೆನ್ನೈ ಹತ್ತಿರದ ಮೀಂಜೂರು ಘಟಕ 2010ರಲ್ಲಿ ಶುರುವಾಯಿತು, ದಿನಕ್ಕೆ 10 ಕೋಟಿ ಲೀಟರ್ ಸಾಮರ್ಥ್ಯ. ಚೆನ್ನೈಗೆ ಅದು ಬೇಕಿತ್ತು, ಒಪ್ಪುತ್ತೇನೆ. ಆದರೆ ಸಮುದ್ರದ ನೀರಲ್ಲಿ ಲೀಟರಿಗೆ ಸುಮಾರು 35 ಗ್ರಾಂ ಉಪ್ಪಿದೆ, ಅರ್ಧ ನೀರನ್ನು ಸಿಹಿ ಮಾಡಿ ತೆಗೆದರೆ ಉಳಿದರ್ಧ ಹೆಚ್ಚುಕಡಿಮೆ ಎರಡರಷ್ಟು ಉಪ್ಪಾಗಿ ವಾಪಸ್ ಹೋಗುತ್ತದೆ, ಭಾರ ಜಾಸ್ತಿಯಾದ್ದರಿಂದ ಸರಿಯಾಗಿ ಬೆರೆಯದಿದ್ದರೆ ತಳಕ್ಕಿಳಿಯುತ್ತದೆ. ಬಳಚು ಎಂಬ ಚಿಪ್ಪುಜೀವಿ ಇರುವುದೂ ಅಲ್ಲೇ ಅಲ್ವಾ?

ಸುಮಾರು 3,000 ಮಿ.ಮೀ. ಮಳೆ ಬೀಳುವ ಊರು ನಮ್ಮದು. ಯಂತ್ರ ಕೊಳ್ಳುವವರು ಮೊದಲು ಮನೆ ಮಾಡಿನ ಮಳೆನೀರನ್ನು ಬಾವಿಗೆ ಇಳಿಸಿ. ನಾವು ಈ ಜೂನ್‌ಗೆ ಪೈಪ್ ಹಾಕಿಸಿದ್ದೇವೆ.